ಭಾನುವಾರದ ಕೂಟ: ನಾಟಕದಿಂದ ಒಪೆರಾಕ್ಕೆ

ಎಲ್ಲರಿಗೂ ನಮಸ್ಕಾರ. ಭಾನುವಾರ ಬೆಳಿಗ್ಗೆ 10ಕ್ಕೆ ಇಟಲಿಯ ಸಂಯೋಜಕ ವೆರ್ಡಿಯ ಒಪೆರಾ ‘ಒಟೆಲ್ಲೊ’ (1887) ನೋಡುತ್ತೇವೆ. ಹಾಡು ಬರೆಯುವವರು ಶೇಕ್ಸ್‌ಪಿಯರ್‌ನ ‘ಒಥೆಲೊ’ದ ಮೊದಲ ಅಂಕ ಓದಿಕೊಂಡೇ ಬನ್ನಿ. ಒಪೆರಾದ ಸಾಹಿತ್ಯ ಬರೆದ ಬೊಯಿಟೊ ಕತ್ತರಿ ಹಾಕಿದ್ದು ಆ ಅಂಕಕ್ಕೇ! ವೆನಿಸ್‌ನಲ್ಲಿ ನಡೆಯುವ ಭಾಗ ಪೂರ್ತಿ ಹೋಯಿತು. ಅಲ್ಲಿನ ಪ್ರೇಮದ ಮಾತು ಮಾತ್ರ ಸೈಪ್ರಸ್‌ನ ರಾತ್ರಿಯ ಯುಗಳಗೀತೆಗೆ ಬಂತು.

ಒಪೆರಾದ ಎರಡನೇ ಅಂಕದಲ್ಲಿ ಡೆಸ್ಡೆಮೋನಾಳ ಕರವಸ್ತ್ರದ ಜಾಗ ಗಮನಿಸಿ. ಒಟೆಲ್ಲೊ, ಅವನ ಹೆಂಡತಿ ಡೆಸ್ಡೆಮೋನಾ, ಖಳ ಇಯಾಗೊ, ಅವನ ಹೆಂಡತಿ ಎಮಿಲಿಯಾ, ನಾಲ್ವರೂ ಒಟ್ಟಿಗೆ ಹಾಡುತ್ತಿರುವಾಗಲೇ ಇಯಾಗೊ ಅದನ್ನು ಎಮಿಲಿಯಾಳಿಂದ ಕಸಿಯುತ್ತಾನೆ. ಬರೀ ಮಾತಿನಲ್ಲಾದರೆ ಇದು ಗದ್ದಲವಷ್ಟೇ.

ಬರುವಾಗ, ಒಪೆರಾ ಆಗಿಸಬೇಕಿರುವ ನಮ್ಮ ನಾಟಕದ ಒಂದೊಂದು ದೃಶ್ಯವನ್ನು ಮೂರನೇ ಒಂದು ಭಾಗಕ್ಕೆ ಇಳಿಸಿ ತನ್ನಿ. ಹಾಡಿದಾಗ ಮಾತು ಹಿಗ್ಗುತ್ತದೆ. ಎಳೆದು ಹಾಡುವ ಕಡೆ ‘ಆ’, ‘ಓ’ ಬರಲಿ. ತಾರಸ್ಥಾಯಿಯಲ್ಲಿ ಒತ್ತಕ್ಷರ ಪೇರಿಸಿದರೆ ಪದವೇ ಕೇಳಿಸದು.

ಯಾರು ಯಾವ ದೃಶ್ಯ ಅಂತ ಶುಕ್ರವಾರದೊಳಗೆ ಇಲ್ಲೇ ಹಾಕಿ.