ಮೈನಸ್ 21 ಕಂಡು ಗಾಬರಿಯಾದವಳಿಗೆ

ಪ್ರೀತಿಯ ಪುಟ್ಟಿಗೆ ದೊಡ್ಡಪ್ಪನ ಆಶೀರ್ವಾದಗಳು.

ನೀನು ಕಳಿಸಿದ ಫೋಟೊ ನೋಡಿದೆ, ಇಂಟರ್ನೆಟ್ ಫೈಬರಿನಲ್ಲಿ ಬರುವ ಬೆಳಕು ಅಳೆಯುವ ಪವರ್ ಮೀಟರಿನದು. ಮೈನಸ್ 21 ಡಿಬಿಎಂ. ಅದರ ಕೆಳಗೆ ನಿನ್ನ ಪ್ರಶ್ನೆ: "ಸೊನ್ನೆಗಿಂತ ಕೆಳಗೆ ಹೋಗಿದೆಯಲ್ಲ, ಲೈನ್ ಸತ್ತಿದೆಯಾ?" ಸತ್ತಿಲ್ಲ ಮಾರಾಯ್ತಿ, ಆರಾಮಾಗಿ ಓಡುತ್ತಿದೆ.

ಡಿಬಿಎಂ ಲೆಕ್ಕದಲ್ಲಿ ಸೊನ್ನೆ ಅಂದರೆ ಬೆಳಕಿಲ್ಲ ಅಂತಲ್ಲ, ಸರಿಯಾಗಿ ಒಂದು ಮಿಲಿವ್ಯಾಟ್ ಅಂತ. ಮೈನಸ್ 10 ಅದರ ಹತ್ತನೇ ಒಂದು ಪಾಲು, ಮೈನಸ್ 20 ನೂರನೇ ಒಂದು ಪಾಲು. ನಿನ್ನ ಮೈನಸ್ 21 ಸುಮಾರು 8 ಮೈಕ್ರೋವ್ಯಾಟ್. ಬೆಳಕೇ ಇಲ್ಲದಿದ್ದರೆ ಈ ಅಳತೆಯಲ್ಲಿ ಅದಕ್ಕೊಂದು ಅಂಕಿಯೇ ಇಲ್ಲ. ಮೀಟರ್ 'ಲೋ' ಅಂತ ತೋರಿಸಿ ಸುಮ್ಮನಾಗುತ್ತದೆ. ನಿಮ್ಮಂಥ ಬಿ ಪ್ಲಸ್ ವರ್ಗದ ಜಿಪಾನ್‌ನಲ್ಲಿ, ಅಂದರೆ ಒಂದು ಫೈಬರಿನ ಬೆಳಕನ್ನು ಹಲವು ಮನೆಗೆ ಹಂಚುವ ಜಾಲದಲ್ಲಿ, ಗ್ರಾಹಕರ ಮನೆಯಲ್ಲಿ ಆ ಬೆಳಕು ಹಿಡಿಯುವ ಪೆಟ್ಟಿಗೆ ಓಎನ್‌ಟಿ ಮೈನಸ್ 8ರಿಂದ ಮೈನಸ್ 27ರವರೆಗೆ ತಾಳಿಕೊಳ್ಳುತ್ತದೆ. ಹಾಗಂತ ಮೈನಸ್ 5 ಬಂದರೆ ಹಿಗ್ಗಬೇಡ. ಬೆಳಕು ಹೆಚ್ಚಾದರೂ ರಿಸೀವರಿನ ಕಣ್ಣು ಕುಕ್ಕುತ್ತದೆ, ಬೆಳಕು ಕುಗ್ಗಿಸುವ ಅಟೆನ್ಯುಯೇಟರ್ ಹಾಕಬೇಕಾಗುತ್ತದೆ.

ಇನ್ನೊಂದು. ಪರದೆಯಲ್ಲಿ ಅಂಕಿಗಿಂತ ಮೊದಲು ಅದರ ಪಕ್ಕದ ಅಕ್ಷರ ನೋಡು. ಡಿಬಿಎಂ ಇದ್ದರೆ ಅದು ಇಲ್ಲಿ ಎಷ್ಟು ಬೆಳಕಿದೆ ಅನ್ನುವ ಮಾತು. ಬರೀ ಡಿಬಿ ಇದ್ದರೆ ಯಾವುದಕ್ಕೆ ಹೋಲಿಸಿದರೆ ಎಷ್ಟು ಹೆಚ್ಚು, ಎಷ್ಟು ಕಡಿಮೆ ಅನ್ನುವ ಮಾತು. ಆ 'ಯಾವುದಕ್ಕೆ' ಗೊತ್ತಿಲ್ಲದಿದ್ದರೆ ಅಂಕಿಗೆ ಬೆಲೆಯಿಲ್ಲ.

ಇದನ್ನು ನಾನು ಮಾನ ಕಳೆದುಕೊಂಡು ಕಲಿತೆ. ಕೆಲಸಕ್ಕೆ ಸೇರಿದ ಹೊಸತರಲ್ಲಿ ಒಂದು ಕೇಬಲ್ಲಿನ ನಷ್ಟ ಅಳೆದೆ. ಲೈಟ್ ಸೋರ್ಸಿಗೆ ಜಂಪರ್ ಅನ್ನುವ ಗಿಡ್ಡ ಫೈಬರ್ ಚುಚ್ಚಿ, ಅದರ ಇನ್ನೊಂದು ತುದಿಯನ್ನು ಮೀಟರಿಗೆ ಸಿಕ್ಕಿಸಿ, ಅಲ್ಲಿ ಬಂದ ಬೆಳಕನ್ನೇ ಸೊನ್ನೆ ಅಂತ ಮಾಡಿಕೊಂಡೆ. ಆಮೇಲೆ ಜಂಪರಿನ ತುದಿ ಒರೆಸಿ ಕೇಬಲ್ಲಿಗೆ ಜೋಡಿಸಿ ನೋಡಿದರೆ, ನಷ್ಟದ ಬದಲು 0.6 ಡಿಬಿ ಲಾಭ! ಎಂಥಾ ಕೇಬಲ್ ಅಂತ ಹೆಮ್ಮೆಯಿಂದ ವರದಿ ಬರೆದುಕೊಟ್ಟೆ. ಮೇಲ್ವಿಚಾರಕರು ಓದಿ, "ಗಾಜು ಯಾವಾಗಿನಿಂದ ಬೆಳಕು ಹುಟ್ಟಿಸುತ್ತಿದೆ?" ಅಂದರು. ಸೊನ್ನೆ ಮಾಡುವಾಗ ಜಂಪರಿನ ತುದಿ ಕೊಳಕಾಗಿತ್ತು. ಆ ಕೊಳಕನ್ನೇ ಅಳತೆಗೋಲು ಮಾಡಿಕೊಂಡು, ಆಮೇಲೆ ಒರೆಸಿದ್ದೆ. ಒರೆಸುವುದು ಮೊದಲು, ಸೊನ್ನೆ ಆಮೇಲೆ.

ಈಗ ನಿನ್ನ ಲೈನಿಗೆ ಬರೋಣ. ಬೆಳಕು ಕಳಿಸುವ ಕಡೆಯಿಂದ ಪ್ಲಸ್ 3 ಡಿಬಿಎಂ ಹೊರಡುತ್ತದೆ ಅಂತ ನೀನು ಅಂದಿದ್ದೆ. ಇಲ್ಲಿ ಮೈನಸ್ 21. ಕಳೆದರೆ ದಾರಿಯಲ್ಲಿ ಹೋದದ್ದು 24 ಡಿಬಿ. ಇದಕ್ಕೆ 'ಎಂ' ಇಲ್ಲ, ಇದು ವ್ಯತ್ಯಾಸ. 3 ಡಿಬಿ ಹೋದರೆ ಬೆಳಕು ಅರ್ಧ. ಒಂದನ್ನು 32 ಮಾಡುವ ಸ್ಪ್ಲಿಟರಿನಲ್ಲಿ ಐದು ಸಲ ಅರ್ಧವಾಗುತ್ತದೆ, ಲೆಕ್ಕಕ್ಕೆ 15, ನಿಜದಲ್ಲಿ ಸುಮಾರು 17. ಹತ್ತು ಕಿಲೋಮೀಟರ್ ಫೈಬರಿಗೆ ಮೂರು ಹಿಡಿ. ಅಲ್ಲಿಗೆ 20. ಐದು ಜೋಡಿ ಕನೆಕ್ಟರಿಗೆ 0.4ರಂತೆ ಇನ್ನೆರಡು. ಸ್ಪ್ಲೈಸುಗಳು, ಅಂದರೆ ಫೈಬರ್ ಬೆಸೆದ ಜಾಗಗಳು, ಚೆನ್ನಾಗಿದ್ದರೆ ಒಂದೊಂದಕ್ಕೆ 0.1 ಕೂಡ ಬೇಡ. ಮಿಕ್ಕದ್ದು ಎಲ್ಲಿ ಹೋಯಿತು?

ಲೈನ್ ಓಡುತ್ತಿದೆ ಅಂತ ಬಿಟ್ಟುಬಿಡುವವರೇ ಹೆಚ್ಚು. ನೀನು ಬಿಡಬೇಡ. ಫೋಟೊದಲ್ಲಿ ಮೀಟರಿನ ತರಂಗಾಂತರ 1310 ನ್ಯಾನೋಮೀಟರಿಗೆ ಇಟ್ಟಿದೆ, ನಿನ್ನ ಕಡೆ ಬರುವ ಬೆಳಕು 1490. ಅದರಿಂದಾಗುವ ತಪ್ಪು ಚಿಕ್ಕದು, ಆದರೂ ಮೊದಲು ಅದನ್ನು ಸರಿಮಾಡು. ಆಮೇಲೆ ಪ್ರತಿ ಕನೆಕ್ಟರನ್ನೂ ಒರೆಸು. ಹಸಿರು ತುದಿಗೆ ನೀಲಿ ತುದಿ ಯಾರಾದರೂ ಸಿಕ್ಕಿಸಿದ್ದಾರಾ ನೋಡು, ಹಸಿರಿನ ತುದಿ ಓರೆಯಾಗಿರುತ್ತದೆ, ಎರಡೂ ಸರಿಯಾಗಿ ಕೂಡುವುದಿಲ್ಲ. ಪೆಟ್ಟಿಗೆಯೊಳಗೆ ಫೈಬರನ್ನು ಬಿಗಿಯಾಗಿ ಮಡಚಿ ತುರುಕಿದ್ದರೆ ಸಡಿಲಿಸು. ಒಂದೊಂದು ಕೆಲಸವಾದ ಮೇಲೂ ಅಂಕಿ ಬರೆದಿಟ್ಟುಕೋ, ಯಾವುದರಿಂದ ಎಷ್ಟು ಬಂತು ಅಂತ ತಿಳಿಯಬೇಕು.

ತುದಿಯಲ್ಲಿ ಬೆಳಕು ಬರುತ್ತಿದೆಯಾ ಅಂತ ಮಾತ್ರ ಕಣ್ಣಿಟ್ಟು ನೋಡಲೇಬೇಡ. ಆ ಬೆಳಕು ಕಣ್ಣಿಗೆ ಕಾಣುವುದಿಲ್ಲ, ಆದರೆ ಕಣ್ಣನ್ನು ಸುಡಬಲ್ಲದು.

ಬರೆದಿಟ್ಟ ಅಂಕಿಗಳ ಫೋಟೊ ಕಳಿಸು, ಕಾಯುತ್ತಿರುತ್ತೇನೆ.

ನಿನ್ನ ದೊಡ್ಡಪ್ಪ