ದತ್ತಣ್ಣನ ಸಿನಿಮಾಗಳನ್ನು ದುರ್ಗದ ಜನರಿಗೆ ತೋರಿಸಿ

ಮಾನ್ಯ ಸಂಪಾದಕರೇ,

ಚಿತ್ರದುರ್ಗದ ಕೋಟೆ ನೋಡಲು ಬಂದ ನೆಂಟರಿಗೆ 'ನಾಗರಹಾವು' ಚಿತ್ರದ ಶೂಟಿಂಗ್ ಎಲ್ಲಿ ನಡೆಯಿತು ಅಂತ ತೋರಿಸದೆ ದುರ್ಗದವರು ಬಿಡುವುದಿಲ್ಲ. 1972ರ ಸಿನಿಮಾ, ಇವತ್ತಿಗೂ ಆ ಹೆಮ್ಮೆ ಹಾಗೇ ಇದೆ. ಇರಲಿ, ಇರಬೇಕಾದ್ದೇ. ಆದರೆ ಇದೇ ಊರಲ್ಲಿ 1942ರಲ್ಲಿ ಹುಟ್ಟಿದ ನಟ ಎಚ್.ಜಿ. ದತ್ತಾತ್ರೇಯ, ಅಂದರೆ ನಮ್ಮ ದತ್ತಣ್ಣನ ಬಗ್ಗೆ ಅಷ್ಟು ಮಾತು ನನ್ನ ಕಿವಿಗೆ ಬಿದ್ದಿಲ್ಲ. ಮೊನ್ನೆ ಟಿವಿಯಲ್ಲಿ 'ಮಿಷನ್ ಮಂಗಲ್' ಬರುತ್ತಿತ್ತು. ಅದರಲ್ಲಿ ವಯಸ್ಸಾದ ವಿಜ್ಞಾನಿಯ ಪಾತ್ರ ಮಾಡಿದವರು ನಮ್ಮೂರಿನ ದತ್ತಣ್ಣನೇ ಅಂದರೆ, ಕಾಲೇಜಿಗೆ ಹೋಗುವ ನಮ್ಮಣ್ಣನ ಮಗಳು ನಂಬಲೇ ಇಲ್ಲ.

ಎಸ್‌ಎಸ್‌ಎಲ್‌ಸಿಯಲ್ಲಿ ರಾಜ್ಯಕ್ಕೇ ಮೊದಲು ಬಂದ ಹುಡುಗ ಇವರು. ಎಂಜಿನಿಯರಿಂಗ್ ಓದಿ ವಾಯುಪಡೆ ಸೇರಿದರು. 20 ವರ್ಷಕ್ಕೂ ಜಾಸ್ತಿ ದುಡಿದು ವಿಂಗ್ ಕಮಾಂಡರ್ ಆದರು. ಆ ನೌಕರಿಯ ನಡುವೆಯೂ ನಾಟಕದ ಗೀಳು ಬಿಡಲಿಲ್ಲ. ಸಿನಿಮಾಕ್ಕೆ ಬಂದಾಗ ವಯಸ್ಸು ನಲವತ್ತೈದರ ಆಸುಪಾಸು. ಬೇರೆಯವರು ಪಿಂಚಣಿ ಲೆಕ್ಕ ಹಾಕುವ ಹೊತ್ತಿಗೆ ಇವರು ಬಣ್ಣ ಹಚ್ಚಿ ಕ್ಯಾಮೆರಾ ಮುಂದೆ ನಿಂತರು. ಅಲ್ಲಿಂದ ಇಲ್ಲಿವರೆಗೆ ಎಷ್ಟು ಸಿನಿಮಾ, ಎಷ್ಟು ಧಾರಾವಾಹಿ! ಇವರ ಅಣ್ಣ ಎಚ್.ಜಿ. ಸೋಮಶೇಖರ ರಾವ್ ಕೂಡ ಬ್ಯಾಂಕ್ ಕೆಲಸ ಮಾಡಿಕೊಂಡೇ ನಟಿಸಿದವರು. 2020ರಲ್ಲಿ ತೀರಿಕೊಂಡರು.

ದತ್ತಣ್ಣನ ಕೆಲಸ ಏನೆಂದು ತಿಳಿಯಬೇಕಾದರೆ ಪಿ. ಶೇಷಾದ್ರಿ ನಿರ್ದೇಶಿಸಿದ 'ಬೆಟ್ಟದ ಜೀವ' ನೋಡಬೇಕು. ಕಾರಂತರ ಗೋಪಾಲಯ್ಯನನ್ನು ಕಾದಂಬರಿಯಲ್ಲಿ ಓದಿದವರಿಗೆ ಅವನ ಮುಖ ಮನಸ್ಸಿನಲ್ಲಿ ಮೊದಲೇ ಮೂಡಿರುತ್ತದೆ. ನನಗೂ ಮೂಡಿತ್ತು. ಸಿನಿಮಾ ನೋಡಿದ ಮೇಲೆ ಆ ಜಾಗದಲ್ಲಿ ದತ್ತಣ್ಣ ಬಂದು ಕೂತಿದ್ದಾರೆ, ಏಳುತ್ತಿಲ್ಲ. ದಾರಿ ತಪ್ಪಿ ಬಂದ ಅತಿಥಿಗೆ ಉಪಚಾರ ಮಾಡುವಾಗ, ಕಾಡು ಕಡಿದು ತೋಟ ಎಬ್ಬಿಸಿದ ಕಥೆ ಹೇಳುವಾಗ ಅವರದು ತುಂಬು ಉತ್ಸಾಹ. ಆದರೆ ಮನೆ ಬಿಟ್ಟು ಹೋದ ಮಗನ ಕೊರಗು ಆ ಮಾತುಗಳ ಅಡಿಯಲ್ಲೇ ಇದೆ ಅಂತ ನೋಡುವವರಿಗೆ ತಿಳಿಯುತ್ತಿರುತ್ತದೆ. ಅಳು ಇಲ್ಲ, ಅಬ್ಬರ ಇಲ್ಲ. ಹೆಂಡತಿ ಶಂಕರಿಯಾಗಿ ರಾಮೇಶ್ವರಿ ವರ್ಮಾ ಅವರದ್ದೂ ಅಷ್ಟೇ ಒಳ್ಳೆಯ ನಟನೆ.

ದತ್ತಣ್ಣನದೇ 'ಭಾರತ್ ಸ್ಟೋರ್ಸ್' ನಮ್ಮ ಪೇಟೆಯ ಪ್ರತಿ ಕಿರಾಣಿ ಅಂಗಡಿಯವರೂ ನೋಡಬೇಕಾದ ಸಿನಿಮಾ. ದೊಡ್ಡ ಮಳಿಗೆಗಳು ಬಂದು ಗಿರಾಕಿಗಳು ಒಬ್ಬೊಬ್ಬರೇ ಕೈಬಿಟ್ಟಾಗ ಸಣ್ಣ ಅಂಗಡಿಯವನ ಪಾಡು ಏನಾಗುತ್ತದೆ ಅನ್ನುವ ಕಥೆ. ಇದೇ ಮನುಷ್ಯ 'ನೀರ್‌ದೋಸೆ'ಯಲ್ಲಿ ತುಂಟ ಮುದುಕನಾಗಿ ಜಗ್ಗೇಶ್ ಜೊತೆ ಸರಿಸಮ ನಿಲ್ಲುತ್ತಾರೆ. ಇಷ್ಟು ದೂರದ ಪಾತ್ರಗಳಿಗೆ ಒಂದೇ ಜೀವನದಲ್ಲಿ ನ್ಯಾಯ ಒದಗಿಸುವುದು ಸುಮ್ನೆ ಮಾತಲ್ಲ. ಕೊನೆಕೊನೆಗೆ ಹೀರೋ ಹೆಸರಿನ ಮೇಲೆ ಜನ ಟಿಕೆಟ್ ಕೊಂಡರೂ, ಕಥೆ ನಂಬುವ ಹಾಗೆ ಮಾಡುವವರು ಇಂಥ ನಟರೇ ಅಲ್ವಾ?

ನಿಮ್ಮಲ್ಲಿ ನನ್ನದೊಂದು ವಿನಂತಿ. ಸಿನಿಮಾ ಪುಟದ ವಿಮರ್ಶೆಗಳಲ್ಲಿ ಹೀರೋ, ಹೀರೋಯಿನ್ ಬಗ್ಗೆ ಉದ್ದಕ್ಕೆ ಬರೆದು, 'ಉಳಿದವರು ಪಾತ್ರಕ್ಕೆ ಜೀವ ತುಂಬಿದ್ದಾರೆ' ಅಂತ ಒಂದೇ ಸಾಲಲ್ಲಿ ಮುಗಿಸಬೇಡಿ. ಯಾರು, ಯಾವ ದೃಶ್ಯದಲ್ಲಿ, ಏನು ಮಾಡಿದರು ಅಂತ ಬರೆಯಿರಿ. ಅದನ್ನು ಓದಿ ಸಿನಿಮಾಕ್ಕೆ ಹೋಗುವ ನನ್ನಂಥವರು ಇದ್ದೇವೆ.

ಜಿಲ್ಲಾಡಳಿತಕ್ಕೂ ನಮ್ಮ ಕನ್ನಡ ಸಂಘಗಳಿಗೂ ಇನ್ನೊಂದು ಮಾತು. ದತ್ತಣ್ಣನಿಗೆ ಎಂಬತ್ತು ದಾಟಿದೆ. ತ.ರಾ.ಸು. ರಂಗಮಂದಿರದಲ್ಲಿ ಮೂರು ದಿನ ಅವರ ಚಿತ್ರಗಳನ್ನು ತೋರಿಸಿ. ಒಂದು ಸಂಜೆ ಅವರನ್ನೇ ಕರೆಸಿ, ಶಾಲೆ ಕಾಲೇಜು ಮಕ್ಕಳ ಎದುರು ಮಾತಾಡಿಸಿ. ಹಾರ ತುರಾಯಿ, ಉದ್ದುದ್ದ ಭಾಷಣ ಬೇಡ. ಮಕ್ಕಳು ಪ್ರಶ್ನೆ ಕೇಳಲಿ, ಅವರು ಉತ್ತರ ಹೇಳಲಿ. ಕುರ್ಚಿ ಹಾಕುವುದರಿಂದ ಹಿಡಿದು ಊರೆಲ್ಲ ತಿರುಗಿ ಜನರನ್ನು ಕರೆಯುವ ತನಕ ನಾನೂ ನನ್ನ ಗೆಳೆಯರೂ ಕೈಜೋಡಿಸುತ್ತೇವೆ.

ಇಂತಿ,
ನಿಮ್ಮ ಓದುಗ,
ಚಿತ್ರದುರ್ಗ