ಗಂಡನ ಪರೀಕ್ಷೆ ಯಾಕೆ ಕೊನೆಗೆ?

ಮಾನ್ಯ ಸಂಪಾದಕರೇ,

ಕಳೆದ ವಾರ ನಿಮ್ಮ ಪತ್ರಿಕೆಯಲ್ಲಿ ಮಕ್ಕಳಾಗದ ದಂಪತಿಗಳ ಬಗ್ಗೆ ಒಂದು ಲೇಖನ ಬಂದಿತ್ತು. ಲೇಖನ ಚೆನ್ನಾಗಿಯೇ ಇತ್ತು. ಆದರೆ ಜೊತೆಗೆ ಹಾಕಿದ್ದ ಚಿತ್ರದಲ್ಲಿ ಹೆಂಗಸೊಬ್ಬಳೇ ಹೊಟ್ಟೆ ಮೇಲೆ ಕೈ ಇಟ್ಟುಕೊಂಡು ತಲೆ ತಗ್ಗಿಸಿ ಕೂತಿದ್ದಳು. ಗಂಡ ಎಲ್ಲೂ ಇರಲಿಲ್ಲ. ಲೇಖನದಲ್ಲೂ ಅವನಿಗೆ ಸಿಕ್ಕಿದ್ದು ಕೊನೆಯ ಎರಡು ಸಾಲು. ಆ ಚಿತ್ರ ನೋಡಿದಾಗಿನಿಂದ ಮನಸ್ಸು ಕೊರೆಯುತ್ತಿತ್ತು, ಅದಕ್ಕೇ ಈ ಪತ್ರ.

ನಾನು 31 ವರ್ಷ ಹೈಸ್ಕೂಲಿನಲ್ಲಿ ವಿಜ್ಞಾನ ಪಾಠ ಮಾಡಿದವಳು. ಹೋದ ದೀಪಾವಳಿಗೆ ಹಳೆಯ ವಿದ್ಯಾರ್ಥಿನಿಯೊಬ್ಬಳು ಮನೆಗೆ ಬಂದಿದ್ದಳು. ಮದುವೆಯಾಗಿ ಐದು ವರ್ಷ. ರಕ್ತ ಪರೀಕ್ಷೆ, ತಿಂಗಳು ತಿಂಗಳೂ ಸ್ಕ್ಯಾನಿಂಗ್, ಟ್ಯೂಬಿಗೆ ಡೈ ಬಿಟ್ಟು ಎಕ್ಸ್‌ರೇ, ಆಮೇಲೆ ಹೊಟ್ಟೆಗೆ ತೂತು ಮಾಡಿ ಲ್ಯಾಪ್ರೊಸ್ಕೋಪಿ, ಇದರ ನಡುವೆ ಹರಕೆ, ನಾಗಪ್ರತಿಷ್ಠೆ, ಅತ್ತೆ ಮನೆಯವರ ಮಾತು ಬೇರೆ. ನಾಲ್ಕು ವರ್ಷ ಹೀಗೇ ಕಳೆದ ಮೇಲೆ ಹೊಸ ಡಾಕ್ಟರೊಬ್ಬರು ಫೈಲು ತಿರುವಿ ಹಾಕಿ, "ಯಜಮಾನರ ರಿಪೋರ್ಟ್ ಎಲ್ಲಿದೆಯಮ್ಮಾ?" ಅಂತ ಕೇಳಿದರಂತೆ. ಅದು ಇರಲೇ ಇಲ್ಲ. ಅಷ್ಟು ದಪ್ಪ ಫೈಲಿನಲ್ಲಿ ಗಂಡನ ಹೆಸರಲ್ಲಿ ಒಂದು ಹಾಳೆ ಇರಲಿಲ್ಲ. (ಇದನ್ನು ಅವರಿಬ್ಬರ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ.)

ಅವಳು ಹೋದ ಮೇಲೆ ನನಗೆ ಒಂದು ಸಂಗತಿ ನೆನಪಾಯಿತು. ಅವಳ ಬ್ಯಾಚಿಗೆ ಹತ್ತನೇ ತರಗತಿಯ ಸಂತಾನೋತ್ಪತ್ತಿ ಪಾಠ ಮಾಡಿದ್ದು ನಾನೇ. ದಾಸವಾಳದ ಹೂ ತಂದು ಬ್ಲೇಡಿನಲ್ಲಿ ಸೀಳಿ ಒಂದೊಂದು ಭಾಗವನ್ನೂ ತೋರಿಸಿದ್ದೆ. ಹೂವಿಗೆ ಮೂರು ಪೀರಿಯಡ್ ಕೊಟ್ಟವಳು, ಮನುಷ್ಯರ ಭಾಗ ಬಂದಾಗ "ಇದನ್ನು ಮನೆಯಲ್ಲಿ ಓದಿಕೊಳ್ಳಿ, ಚಿತ್ರ ಬರೆದು ಭಾಗ ಗುರುತಿಸಿ ಅಂತ ಪರೀಕ್ಷೆಗೆ ಬರುತ್ತೆ" ಎಂದು ಹೇಳಿ ಮುಂದಿನ ಪಾಠಕ್ಕೆ ಹೋಗಿದ್ದೆ. ತಪ್ಪು ನನ್ನದು. ಅವತ್ತು ಬಿಟ್ಟ ಪಾಠವನ್ನು ಇವತ್ತು ಇಲ್ಲಿ ಮಾಡುತ್ತೇನೆ, ದಯವಿಟ್ಟು ಜಾಗ ಕೊಡಿ.

ಗಂಡಿನಿಂದಲೇ ಶುರು ಮಾಡುತ್ತೇನೆ. ವೃಷಣಗಳು ಮೈಯೊಳಗೆ ಇರದೆ ಹೊರಗೆ ಚೀಲದಲ್ಲಿ ಯಾಕೆ ಇವೆ? ವೀರ್ಯಾಣು ತಯಾರಾಗಲು ಮೈಯ ಶಾಖಕ್ಕಿಂತ ಎರಡು ಮೂರು ಡಿಗ್ರಿ ತಂಪು ಬೇಕು, ಅದಕ್ಕೆ. ಅಲ್ಲಿ ದಿನಕ್ಕೆ ಕೋಟಿಗಟ್ಟಲೆ ವೀರ್ಯಾಣು ಹುಟ್ಟುತ್ತವೆ, ಆದರೆ ಒಂದೊಂದೂ ಪೂರ್ತಿ ಬೆಳೆಯಲು ಸುಮಾರು ಎರಡೂವರೆ ತಿಂಗಳು ಬೇಕು. ಇನ್ನೊಂದು ವಿಷಯ, ಇದು ಗಂಡಸರಿಗೇ ಜಾಸ್ತಿ ಗೊತ್ತಿಲ್ಲದ್ದು. ವೀರ್ಯ ಬೇರೆ, ವೀರ್ಯಾಣು ಬೇರೆ. ಹೊರಗೆ ಬರುವ ದ್ರವದಲ್ಲಿ ವೀರ್ಯಾಣುಗಳ ಪಾಲು ನೂರಕ್ಕೆ ಐದೂ ಇರುವುದಿಲ್ಲ. ಉಳಿದದ್ದೆಲ್ಲ ಬೇರೆ ಗ್ರಂಥಿಗಳು ಸುರಿಸುವ ರಸ. ಹಾಗಾಗಿ ಬರಿಗಣ್ಣಿಗೆ ಎಲ್ಲ ಸರಿಯಾಗಿ ಕಂಡರೂ ಅದರಲ್ಲಿ ಒಂದೇ ಒಂದು ವೀರ್ಯಾಣು ಇಲ್ಲದೇ ಇರಬಹುದು. "ನನಗೇನಾಗಿದೆ, ನಾನು ಗಟ್ಟಿಮುಟ್ಟಾಗಿದ್ದೇನೆ" ಅನ್ನುವ ಮಾತಿಗೂ ವೀರ್ಯಾಣುವಿನ ಲೆಕ್ಕಕ್ಕೂ ಸಂಬಂಧವೇ ಇಲ್ಲ. ಮೈಕ್ರೋಸ್ಕೋಪಿನಲ್ಲಿ ಎಣಿಸಿದರೆ ಮಾತ್ರ ಗೊತ್ತಾಗುತ್ತದೆ.

ಹೆಣ್ಣಿನ ಕಡೆ ಲೆಕ್ಕವೇ ಬೇರೆ. ಹೆಣ್ಣು ಮಗು ಹುಟ್ಟುವಾಗಲೇ ಅದರ ಅಂಡಾಶಯದಲ್ಲಿ 10ರಿಂದ 20 ಲಕ್ಷ ಅಂಡಾಣುಗಳು ಇರುತ್ತವೆ. ಹೊಸದು ಹುಟ್ಟುವುದಿಲ್ಲ. ಮೈನೆರೆಯುವ ಹೊತ್ತಿಗೆ ಮೂರು ನಾಲ್ಕು ಲಕ್ಷ ಉಳಿಯುತ್ತವೆ, ಜೀವಮಾನದಲ್ಲಿ ಹೊರಗೆ ಬರುವುದು ಹೆಚ್ಚೆಂದರೆ 400–500. ತಿಂಗಳಿಗೆ ಸಾಮಾನ್ಯವಾಗಿ ಒಂದು. ಅದು ಬದುಕುವುದು ಹೆಚ್ಚೆಂದರೆ ಒಂದು ದಿನ, 12ರಿಂದ 24 ಗಂಟೆ ಅಷ್ಟೇ. ವೀರ್ಯಾಣು ಮಾತ್ರ ಹೆಣ್ಣಿನ ದೇಹದೊಳಗೆ ಐದು ದಿನದವರೆಗೂ ಇರಬಲ್ಲದು. ಹಾಗಾಗಿ ತಿಂಗಳಲ್ಲಿ ಬಸಿರಾಗುವ ಅವಕಾಶ ಇರುವುದು ಸುಮಾರು ಆರು ದಿನ.

ಆ ಆರು ದಿನ ಯಾವುದು ಅನ್ನುವುದರಲ್ಲೇ ಎಷ್ಟೋ ಜನ ಎಡವುತ್ತಾರೆ. ಎಲ್ಲರೂ 14ನೇ ದಿನ ಅಂತಾರೆ. 28 ದಿನಕ್ಕೊಮ್ಮೆ ಮುಟ್ಟಾಗುವವರಿಗೆ ಅದು ಹೆಚ್ಚು ಕಡಿಮೆ ಸರಿ. 35 ದಿನಕ್ಕೆ ಮುಟ್ಟಾಗುವವಳಿಗೆ ಅಂಡಾಣು ಬಿಡುಗಡೆಯಾಗುವುದು 21ನೇ ದಿನದ ಹೊತ್ತಿಗೆ. ಯಾಕೆಂದರೆ ಅಂಡಾಣು ಹೊರಬಂದ ಮೇಲೆ ಮುಂದಿನ ಮುಟ್ಟಿಗೆ ಸುಮಾರು 14 ದಿನ ಹಿಡಿಯುತ್ತದೆ, ಏರುಪೇರಾಗುವುದು ಅದಕ್ಕಿಂತ ಮುಂಚಿನ ದಿನಗಳು. ಹಿಂದಿನ ಮುಟ್ಟಿನಿಂದ ಮುಂದಕ್ಕೆ ಎಣಿಸುವುದಲ್ಲ, ಬರಲಿರುವ ಮುಟ್ಟಿನಿಂದ ಹಿಂದಕ್ಕೆ ಎಣಿಸಬೇಕು.

ಇನ್ನು ಅವೆರಡೂ ಸೇರುವ ಜಾಗ. ಗರ್ಭಕೋಶದಲ್ಲಿ ಅಂತ ನನ್ನ ಜೊತೆಯ ಟೀಚರುಗಳೇ ಎಷ್ಟೋ ಸಲ ಹೇಳಿದ್ದನ್ನು ಕೇಳಿದ್ದೇನೆ. ಅಲ್ಲ. ಗರ್ಭಕೋಶದ ಎರಡೂ ಪಕ್ಕಕ್ಕೆ ಸುಮಾರು 10 ಸೆಂಟಿಮೀಟರ್ ಉದ್ದದ ಅಂಡನಾಳಗಳಿವೆ, ಜನ ಟ್ಯೂಬ್ ಅನ್ನುತ್ತಾರಲ್ಲ, ಅದರೊಳಗೆ ಸೇರುತ್ತವೆ. ಕೋಟಿಗಟ್ಟಲೆ ಹೊರಟ ವೀರ್ಯಾಣುಗಳಲ್ಲಿ ಅಲ್ಲಿಗೆ ಮುಟ್ಟುವುದು ಕೆಲವು ನೂರು. ಯೋನಿಯ ಹುಳಿ ಗುಣಕ್ಕೇ ಬಹಳಷ್ಟು ಸಾಯುತ್ತವೆ, ಗರ್ಭಕಂಠದ ಲೋಳೆ ಇನ್ನಷ್ಟನ್ನು ತಡೆಯುತ್ತದೆ, ಎಷ್ಟೋ ವೀರ್ಯಾಣುಗಳು ಅಂಡಾಣು ಇಲ್ಲದ ಟ್ಯೂಬಿಗೆ ಹೋಗಿಬಿಡುತ್ತವೆ. ಮುಟ್ಟಿದ ಕೆಲವು ನೂರರಲ್ಲಿ ಒಂದು ಒಳಹೊಕ್ಕ ಕೂಡಲೇ ಅಂಡಾಣುವಿನ ಹೊರಗಿನ ಪದರ ಗಟ್ಟಿಯಾಗುತ್ತದೆ, ಇನ್ನೊಂದಕ್ಕೆ ಪ್ರವೇಶವಿಲ್ಲ. ಹುಟ್ಟುಗುಣಗಳನ್ನು ಹೊತ್ತು ತರುವ ವರ್ಣತಂತುಗಳು (ಕ್ರೋಮೋಸೋಮ್) ತಾಯಿಯಿಂದ 23, ತಂದೆಯಿಂದ 23, ಒಟ್ಟು 46. ಸರಿಯಾಗಿ ಅರ್ಧ ಅರ್ಧ ಅಲ್ವಾ? ಸುಮಾರು ಒಂದು ದಿನ ಕಳೆದ ಮೇಲೆ ಆ ಒಂದು ಜೀವಕೋಶ ಎರಡಾಗುತ್ತದೆ. ಆಮೇಲೆ ನಾಲ್ಕು, ಎಂಟು ಹೀಗೆ ಒಡೆಯುತ್ತಾ ಟ್ಯೂಬಿನಲ್ಲಿ ನಿಧಾನಕ್ಕೆ ಸಾಗಿ ಮೂರು ನಾಲ್ಕು ದಿನಕ್ಕೆ ಗರ್ಭಕೋಶ ಸೇರುತ್ತದೆ. ಗೋಡೆಗೆ ಅಂಟಿಕೊಳ್ಳಲು ಶುರುವಾಗುವುದು ಆರನೇ ದಿನದ ಸುಮಾರಿಗೆ. ಮೂತ್ರದ ಟೆಸ್ಟಿನಲ್ಲಿ ಗೆರೆ ಮೂಡಿಸುವ ಹಾರ್ಮೋನು ಬರುವುದು ಅದಾದ ಮೇಲೆಯೇ.

ಅರಳೀಕಟ್ಟೆ ಸುತ್ತಿ ಹೊಟ್ಟೆ ಮುಟ್ಟಿ ನೋಡಿಕೊಂಡಳಂತೆ ಅಂತ ನಮ್ಮಲ್ಲಿ ಗಾದೆ ಇದೆ. ಆತುರದವರಿಗೆ ಹೇಳುವ ಮಾತು ಅದು. ಆದರೆ ನೋಡಿ, ಗಾದೆಯಲ್ಲೂ ಕಟ್ಟೆ ಸುತ್ತುವವಳು ಅವಳೊಬ್ಬಳೇ.

ಹೆಣ್ಣು ಮಗು ಆದಾಗಲೂ ಇದೇ ಕಥೆ. ಮಗು ಹೆಣ್ಣೋ ಗಂಡೋ ಎಂದು ತೀರ್ಮಾನಿಸುವ ವರ್ಣತಂತುಗಳು ಎಕ್ಸ್ ಮತ್ತು ವೈ. ಅಂಡಾಣುವಿನಲ್ಲಿ ಇರುವುದು ಎಕ್ಸ್ ಒಂದೇ. ಎಕ್ಸ್ ಇರುವ ವೀರ್ಯಾಣು ಸೇರಿದರೆ ಹೆಣ್ಣು, ವೈ ಇರುವುದು ಸೇರಿದರೆ ಗಂಡು. ಅಮೆರಿಕದ ವಿಜ್ಞಾನಿ ನೆಟ್ಟಿ ಸ್ಟೀವನ್ಸ್ ಎಂಬ ಹೆಣ್ಣುಮಗಳು 1905ರಲ್ಲೇ ಹಿಟ್ಟಿನ ಹುಳುಗಳನ್ನು ಪರೀಕ್ಷಿಸಿ ಗಂಡಿನ ವೀರ್ಯಾಣುವಿನಲ್ಲಿ ಎರಡು ಬಗೆ ಇರುವುದನ್ನು ತೋರಿಸಿದ್ದಳು. ನೂರು ವರ್ಷದ ಮೇಲಾಯಿತು, ಇನ್ನೂ ಸೊಸೆಯನ್ನೇ ಬೈಯುತ್ತೇವೆ.

ನನ್ನ ವಿದ್ಯಾರ್ಥಿನಿಯ ಗಂಡನ ವಿಷಯಕ್ಕೆ ಬರುತ್ತೇನೆ. ಪರೀಕ್ಷೆ ಮಾಡಿದಾಗ ಕೌಂಟ್ ತುಂಬಾ ಕಡಿಮೆ ಬಂತು. ಕಾರಣ ವೆರಿಕೋಸೀಲ್, ಅಂದರೆ ವೃಷಣದ ಸುತ್ತಲಿನ ರಕ್ತನಾಳಗಳು ಊದಿಕೊಂಡು ಅಲ್ಲಿ ಶಾಖ ಹೆಚ್ಚಾಗುವುದು. ಅಪರೂಪದ ಕಾಯಿಲೆಯೇನಲ್ಲ. ಚಿಕ್ಕ ಆಪರೇಷನ್ ಆಗಿದೆ. ಹೊಸ ವೀರ್ಯಾಣು ತಯಾರಾಗಲು ಸಮಯ ಬೇಕಲ್ಲ, ಅದಕ್ಕೇ ಮೂರು ತಿಂಗಳು ಬಿಟ್ಟು ಮತ್ತೆ ಬನ್ನಿ ಅಂದಿದ್ದಾರೆ ಡಾಕ್ಟರು. ಆತ ಒಳ್ಳೆಯ ಹುಡುಗ. ನಾಲ್ಕು ವರ್ಷ ಬೇಕೆಂದು ತಪ್ಪಿಸಿಕೊಂಡವನಲ್ಲ. ಅವನನ್ನು ಯಾರೂ ಕೇಳಲೇ ಇಲ್ಲ, ಅವನಿಗೂ ಹೊಳೆಯಲಿಲ್ಲ. ಮಕ್ಕಳಾಗದ ಜೋಡಿಗಳಲ್ಲಿ ಸುಮಾರು ಅರ್ಧದಷ್ಟು ಕಡೆ ಗಂಡಿನ ಕಾರಣ ಒಂದೇ ಆಗಿಯೋ, ಹೆಣ್ಣಿನ ಕಾರಣದ ಜೊತೆಗೋ ಇರುತ್ತದೆ. ಹಾಗಿದ್ದೂ ಸುಮ್ನೆ ಹೆಂಡತಿಯ ಹೊಟ್ಟೆ ಮೊದಲು ಕುಯ್ಯುವುದು ಯಾವ ನ್ಯಾಯ?

ಪ್ರಯತ್ನಪಟ್ಟು ಒಂದು ವರ್ಷವಾದರೂ ಆಗಲಿಲ್ಲ ಅಂದರೆ, ಹೆಂಡತಿಗೆ 35 ದಾಟಿದ್ದರೆ ಆರೇ ತಿಂಗಳಿಗೆ, ಇಬ್ಬರೂ ಒಟ್ಟಿಗೆ ಡಾಕ್ಟರ ಹತ್ತಿರ ಹೋಗಿ. ಗಂಡನ ಪರೀಕ್ಷೆಗೆ ಸೂಜಿ ಇಲ್ಲ, ನೋವಿಲ್ಲ. ಎರಡರಿಂದ ಏಳು ದಿನ ಯಾವ ರೀತಿಯಲ್ಲೂ ವೀರ್ಯ ಹೊರಹೋಗದಂತೆ ಇದ್ದು ಲ್ಯಾಬಿನಲ್ಲೇ ವೀರ್ಯದ ಸ್ಯಾಂಪಲ್ ಕೊಟ್ಟರೆ ಸಾಕು. ಅಲ್ಲಿ ಕೊಡಲು ಮುಜುಗರವಾದರೆ ಲ್ಯಾಬಿನವರನ್ನು ಕೇಳಿ, ಅವರು ಕೊಟ್ಟ ಡಬ್ಬಿಯಲ್ಲಿ ಮನೆಯಿಂದಲೂ ತರಬಹುದು. ಒಂದು ಗಂಟೆಯೊಳಗೆ ತಲುಪಿಸಬೇಕು, ದಾರಿಯಲ್ಲಿ ಮೈಶಾಖಕ್ಕೆ ಹತ್ತಿರ, ಒಳಜೇಬಿನಲ್ಲಿ ಇಟ್ಟುಕೊಳ್ಳಬೇಕು. ಮೊದಲ ರಿಪೋರ್ಟ್ ಸರಿ ಬರಲಿಲ್ಲ ಅಂತ ಹೆದರಬೇಡಿ. ಕೌಂಟ್ ಏರುಪೇರಾಗುತ್ತಿರುತ್ತದೆ, ಡಾಕ್ಟರು ಇನ್ನೊಂದು ಸಲ ಮಾಡಿಸಿಯೇ ನಿರ್ಧಾರ ಹೇಳುತ್ತಾರೆ.

ಮತ್ತೆ ಈ ವಿಷಯದ ಲೇಖನ ಹಾಕಿದಾಗ, ಸಂಪಾದಕರೇ, ಚಿತ್ರದಲ್ಲಿ ಇಬ್ಬರನ್ನೂ ಕೂರಿಸಿ.

— ನಿವೃತ್ತ ವಿಜ್ಞಾನ ಶಿಕ್ಷಕಿ, ಅರಸೀಕೆರೆ